ಬೆರಳು ಕಚ್ಚುತ್ತ ಕೂತ ಕರ್ನಲ್

ಬೈಪಾಸ್ ಆದಮೇಲೆ ಮೈಸೂರಿಗೆ ಹೋಗುವಾಗ ಶ್ರೀರಂಗಪಟ್ಟಣ ಕಣ್ಣಿಗೇ ಬೀಳುವುದಿಲ್ಲ. ಹೋದ ಭಾನುವಾರ ಅಮ್ಮ ಹಠ ಹಿಡಿದರು, ದರಿಯಾ ದೌಲತ್ ನೋಡದೆ ಇಪ್ಪತ್ತು ವರ್ಷ ಆಯ್ತು, ಗಾಡಿ ಊರೊಳಕ್ಕೆ ತಿರುಗಿಸು ಅಂತ. ತಿರುಗಿಸಿದೆ.

ಕಾವೇರಿ ದಡದ ತೋಟ ಅದು. ಟಿಪ್ಪು 1784ರಲ್ಲಿ ಕಟ್ಟಿಸಿದ ಬೇಸಿಗೆ ಅರಮನೆ ಅದರ ನಡುವೆ ಇದೆ. ಗೇಟಿನಿಂದ ನೇರ ದಾರಿ, ಎರಡೂ ಕಡೆ ಹುಲ್ಲು, ಮರದ ನೆರಳಲ್ಲಿ ಮಲಗಿದ ಯಾರದೋ ತಾತ. ದೂರದಿಂದ ಅರಮನೆ ಕಾಣುವುದಿಲ್ಲ, ಬಿಸಿಲು ಬೀಳದಿರಲೆಂದು ಸುತ್ತ ಹಸಿರು ಪರದೆ ಇಳಿಬಿಟ್ಟಿದ್ದಾರೆ. ಏನಿದು ಗೋಡೌನ್ ಥರ ಇದೆ ಅಂದ ಮಗ. ಒಳಗೆ ಹೋದಮೇಲೆ ಸುಮ್ಮನಾದ. ತೇಗದ ಕಂಬ, ತೇಗದ ಚಾವಣಿ, ಒಂದು ಬೆರಳಗಲವೂ ಬಿಡದೆ ಬಣ್ಣ, ಹೂ ಬಳ್ಳಿ.

ಮ್ಯೂಸಿಯಮ್ ಭಾಗದಲ್ಲಿ ನಾಣ್ಯ, ಆಯುಧ, ಟಿಪ್ಪು ಮಕ್ಕಳ ಚಿತ್ರಗಳು ಇವೆ, ಬೇಗ ಮುಗಿಯುತ್ತೆ. ನಿಂತು ನೋಡಬೇಕಾದದ್ದು ಪಶ್ಚಿಮದ ಗೋಡೆ.

ಅಲ್ಲಿರುವುದು ಪೊಳ್ಳಿಲೂರು ಯುದ್ಧದ ಚಿತ್ರ. 1780ರ ಸೆಪ್ಟೆಂಬರ್ 10, ಕಾಂಚೀಪುರದ ಹತ್ತಿರ ಹೈದರ್ ಮತ್ತು ಟಿಪ್ಪು ಸೇರಿ ಬ್ರಿಟಿಷರ ಈಸ್ಟ್ ಇಂಡಿಯಾ ಕಂಪನಿ ಸೈನ್ಯವನ್ನು ಬಡಿದ ದಿನ. ಕೆಂಪು ಕೋಟಿನವರು ಚೌಕ ಕಟ್ಟಿ ನಿಂತಿದ್ದಾರೆ, ಮಧ್ಯದಲ್ಲಿ ಮದ್ದಿನ ಗಾಡಿ ಸಿಡಿಯುತ್ತಿದೆ. ಟಿಪ್ಪು ಮಾತ್ರ ಅಷ್ಟೆಲ್ಲ ಗದ್ದಲದಲ್ಲಿ ಗುಲಾಬಿ ಮೂಸುತ್ತಿದ್ದಾನೆ! ಮಗನಿಗೆ ಇಷ್ಟವಾದದ್ದು ಪಲ್ಲಕ್ಕಿಯಲ್ಲಿರುವ ಕಂಪನಿ ಸೈನ್ಯದ ನಾಯಕ ಕರ್ನಲ್ ಬೇಯ್ಲಿ. ಸುತ್ತ ತನ್ನವರೇ ಬೀಳುತ್ತಿದ್ದಾರೆ, ಈತ ಬೆರಳು ಕಚ್ಚುತ್ತ ಕೂತಿದ್ದಾನೆ. ಇದೇ ಬೇಯ್ಲಿ ಇದೇ ಊರಿನ ಸೆರೆಯಲ್ಲಿ 1782ರಲ್ಲಿ ಸತ್ತ, ಅವನ ಹೆಸರಿನ ಬಂದೀಖಾನೆ ಇಲ್ಲಿಂದ ದೂರವೇನಿಲ್ಲ.

ನನಗೆ ತಮಾಷೆ ಅನಿಸಿದ್ದು ಬೇರೆ. 1792ರ ಬ್ರಿಟಿಷರ ಮುತ್ತಿಗೆಗೆ ಮುಂಚೆ ಟಿಪ್ಪುವೇ ಈ ಚಿತ್ರಕ್ಕೆ ಸುಣ್ಣ ಬಳಿಸಿದ್ದನಂತೆ. 1799ರಲ್ಲಿ ಟಿಪ್ಪು ಸತ್ತ ಮೇಲೆ ಇಲ್ಲಿ ವಾಸಕ್ಕೆ ಬಂದ ಬ್ರಿಟಿಷ್ ಸೇನಾಧಿಕಾರಿ ಆರ್ಥರ್ ವೆಲ್ಲೆಸ್ಲಿ ಅದನ್ನು ಮತ್ತೆ ಬರೆಸಿದ. ಮುಂದೆ ಬಣ್ಣ ಮಾಸಿದಾಗ ಗವರ್ನರ್ ಜನರಲ್ ಡಾಲ್‌ಹೌಸಿಯೂ ಹಾಗೇ ಮಾಡಿದ. ತಮ್ಮವರು ಏಟು ತಿಂದ ಚಿತ್ರಕ್ಕೆ ತಾವೇ ದುಡ್ಡು ಕೊಟ್ಟು ಎರಡು ಸಲ ಬಣ್ಣ ಹೊಡೆಸುವುದು ಅಂದ್ರೆ! ಕೊನೆಗೆ ಗೆದ್ದವರು ನಾವೇ ಅನ್ನೋ ಧೈರ್ಯ ಇದ್ದಿರಬೇಕು ಅಲ್ವಾ. ಸೋತೇ ಹೋಗಿದ್ದರೆ ಬರೆಸುತ್ತಿದ್ದರಾ? ಅಮ್ಮನ ಪ್ರಕಾರ ಅದೆಲ್ಲ ಏನೂ ಇಲ್ಲ, ಚಿತ್ರ ಚೆನ್ನಾಗಿತ್ತು, ಹಾಳು ಮಾಡೋಕೆ ಮನಸ್ಸು ಬಂದಿಲ್ಲ ಅಷ್ಟೇ.

ಒಂದು ಬೇಜಾರು. ಚಿತ್ರದಲ್ಲಿ ಯಾರು ಯಾರು ಅಂತ ನಮಗೆ ತಿಳಿದದ್ದು ಪಕ್ಕದ ಗುಂಪಿನ ಗೈಡ್ ಹೇಳಿದ್ದನ್ನು ಕದ್ದು ಕೇಳಿ. ಆತ ಒಂದೆರಡು ಸಲ ತಿರುಗಿ ನೋಡಿದ, ನಾವು ಚಾವಣಿ ನೋಡಿದೆವು.

ಹೊರಗೆ ಬಂದು ಉಪ್ಪು ಖಾರ ಹಚ್ಚಿದ ಸೌತೆಕಾಯಿ ತಿಂದು ಸಂಗಮಕ್ಕೆ ಹೋದೆವು. ಎರಡು ಕವಲಾಗಿ ಊರನ್ನು ದ್ವೀಪ ಮಾಡಿದ ಕಾವೇರಿ ಅಲ್ಲಿ ಮತ್ತೆ ಒಂದಾಗುತ್ತಾಳೆ. ಅಮ್ಮ ಮೆಟ್ಟಿಲ ಮೇಲೆ ಕೂತು ನೀರಿಗೆ ಕಾಲು ಬಿಟ್ಟರು. ನಾನು, ಮಗ ಹರಿಗೋಲು ಹತ್ತಿದೆವು. ನಡುನೀರಿಗೆ ಬಂದಾಗ ಅಂಬಿಗ ನಗುತ್ತ ಗರಗರ ತಿರುಗಿಸಿಬಿಟ್ಟ. ಮಗ ಒಂದು ಕೈಯಲ್ಲಿ ಅಂಚು ಹಿಡಿದು, ಇನ್ನೊಂದು ಕೈ ಬಾಯಿಗಿಟ್ಟುಕೊಂಡು, ಉಸಿರೇ ಇಲ್ಲದ ಹಾಗೆ ಕೂತಿದ್ದ.

ದಡದಿಂದ ಅಮ್ಮ ಕೂಗಿದರು: "ಏ ಬೇಯ್ಲೀ!"