ಬೇಸ್ ಕಲಿಯುತ್ತಿದ್ದೇನೆ: ಕ್ಲ್ಯಾಶ್ ಹಾಡಿನ ಜೊತೆ ಆರು ವಾರ

ವಾರ 1

ಹಳೇ ಬೇಸ್ ಗಿಟಾರ್ (ತಗ್ಗು ಸ್ವರದ, ದಪ್ಪ ತಂತಿಗಳ ಗಿಟಾರ್) ಮನೆಗೆ ಬಂತು. ಗುರಿ ಒಂದೇ. ಇಂಗ್ಲೆಂಡಿನ ಪಂಕ್ ರಾಕ್ ಬ್ಯಾಂಡ್ ದಿ ಕ್ಲ್ಯಾಶ್‌ನ 'ದಿ ಗನ್ಸ್ ಆಫ್ ಬ್ರಿಕ್ಸ್‌ಟನ್' ಹಾಡಿನ ಬೇಸ್ ಭಾಗವನ್ನು ಮೊದಲಿಂದ ಕೊನೆವರೆಗೆ ನುಡಿಸಬೇಕು.

ಆ ಹಾಡು ಬರೆದು ಹಾಡಿದವನು ಬ್ಯಾಂಡಿನ ಬೇಸ್ ವಾದಕ ಪಾಲ್ ಸಿಮೊನನ್. 1976ರಲ್ಲಿ ಲಂಡನ್ನಿನಲ್ಲಿ ಬ್ಯಾಂಡ್ ಶುರುವಾದಾಗ ಅವನಿಗೆ ಬೇಸ್ ನುಡಿಸಲು ಬರುತ್ತಲೇ ಇರಲಿಲ್ಲ. ಗಿಟಾರ್ ನುಡಿಸುತ್ತಿದ್ದ ಮಿಕ್ ಜೋನ್ಸ್ ಹೇಳಿಕೊಟ್ಟ. ಬೇಸಿನ ಮೇಲೇ ಸ್ವರಗಳ ಹೆಸರು ಬರೆದುಕೊಂಡು ಕಲಿತ. ನಾನೂ ಸಣ್ಣ ಸಣ್ಣ ಚೀಟಿ ಅಂಟಿಸಿಕೊಂಡಿದ್ದೇನೆ. ಧೈರ್ಯ ಬಂತು.

ವಾರ 2

ಬೆರಳ ತುದಿ ಉರಿ. ದಪ್ಪ ತಂತಿ ಕರಕರ ಅನ್ನುತ್ತಿತ್ತು. ಬ್ರಿಡ್ಜಿನ (ತಂತಿಗಳು ಕೂರುವ ಪಟ್ಟಿಯ) ಸ್ಕ್ರೂ ತಿರುಗಿಸಿ ಸ್ವಲ್ಪ ಮೇಲೆತ್ತಿದೆ, ಸರಿಯಾಯಿತು.

ವಾರ 4

ಸ್ವರಗಳೆಲ್ಲ ಬಾಯಿಪಾಠ ಆಗಿವೆ. ಆದರೂ ಹಾಡಿನ ಹಾಗೆ ಕೇಳಿಸುತ್ತಿಲ್ಲ. ಮೂರು ದಿನ ಬರೀ ಕೇಳಿದೆ. ಆಮೇಲೆ ಗೊತ್ತಾಯಿತು: ನಾನು ತಂತಿಯನ್ನು ಸುಮ್ಮನಾಗಲು ಬಿಡುತ್ತಿರಲಿಲ್ಲ. ಇದು ಜಮೈಕಾದ ರೆಗ್ಗೇ ಸಂಗೀತದ ನಡೆ. ಸ್ವರ ಎಷ್ಟು ಮುಖ್ಯವೋ ನಡುವಿನ ಖಾಲಿ ಜಾಗವೂ ಅಷ್ಟೇ ಮುಖ್ಯ. ಮೀಟಿದ ಕೂಡಲೇ ಎಡಗೈ ಹಿಡಿತ ಸಡಿಲಿಸಿದರೆ ಸದ್ದು ನಿಲ್ಲುತ್ತದೆ. ಈಗ ದಿನಾ ಅದೊಂದೇ ಅಭ್ಯಾಸ.

ಸಿಮೊನನ್ ಬಾಲ್ಯದ ಒಂದಷ್ಟು ಕಾಲ ಲಂಡನ್ನಿನ ಬ್ರಿಕ್ಸ್‌ಟನ್‌ನಲ್ಲಿ ಕಳೆದವನು. ಕೆರಿಬಿಯನ್‌ನಿಂದ ಬಂದ ಕುಟುಂಬಗಳು ಜಾಸ್ತಿ ಇದ್ದ ಜಾಗ ಅದು. ರೆಗ್ಗೇ ಅವನಿಗೆ ಬೀದಿಯ ಸಂಗೀತವೇ ಆಗಿತ್ತು. 1977ರ ಮೊದಲ ಆಲ್ಬಮ್ಮಿನಲ್ಲೇ ಕ್ಲ್ಯಾಶ್ ಜಮೈಕಾದ ಜೂನಿಯರ್ ಮರ್ವಿನ್ ಹಾಡೊಂದನ್ನು ತಮ್ಮ ರೀತಿಯಲ್ಲಿ ಹಾಡಿದ್ದರು. ಬ್ರಿಟನ್ನಿನಲ್ಲಿ ನ್ಯಾಷನಲ್ ಫ್ರಂಟ್ ಎಂಬ ತೀವ್ರ ಬಲಪಂಥೀಯ ಪಕ್ಷ ವಲಸಿಗರ ವಿರುದ್ಧ ಮೆರವಣಿಗೆ ಮಾಡುತ್ತಿದ್ದ ದಿನಗಳವು. 1978ರ ಏಪ್ರಿಲ್‌ನಲ್ಲಿ ಲಂಡನ್ನಿನ ವಿಕ್ಟೋರಿಯಾ ಪಾರ್ಕಿನಲ್ಲಿ 'ರಾಕ್ ಅಗೇನ್ಸ್ಟ್ ರೇಸಿಸಂ' (ಜನಾಂಗೀಯ ದ್ವೇಷದ ವಿರುದ್ಧ ರಾಕ್) ಸಂಗೀತ ಸಭೆ ನಡೆದಾಗ ಇವರು ವೇದಿಕೆ ಹತ್ತಿ ನುಡಿಸಿದರು. ಬ್ಯಾಂಡಿನ ಮೇಲೆ ನನಗೆ ಇಷ್ಟು ಪ್ರೀತಿ ಇರುವುದು ಇದಕ್ಕೇ. ಯಾರ ಸಂಗೀತದಿಂದ ಕಲಿತರೋ ಅವರ ಪರವಾಗಿ ನಿಂತರು ಅಲ್ವಾ.

ಪೊಲೀಸರು ಬಾಗಿಲು ಒದ್ದು ಬಂದರೆ ಏನು ಮಾಡುತ್ತೀಯ ಎಂದು ಕೇಳುವ, ನಾನು ಕಲಿಯುತ್ತಿರುವ ಹಾಡು 1979ರದು. ಪೊಲೀಸರ ವಿರುದ್ಧ ಬ್ರಿಕ್ಸ್‌ಟನ್‌ನಲ್ಲಿ ಗಲಭೆ ಎದ್ದದ್ದು ಅದಾದ ಮೇಲೆ, 1981ರಲ್ಲಿ.

ವಾರ 6

ನಿಧಾನ ವೇಗದಲ್ಲಿ ಪೂರ್ತಿ ನುಡಿಸಿದೆ! ಮೊಬೈಲಿನಲ್ಲಿ ರೆಕಾರ್ಡ್ ಮಾಡಿಕೊಂಡಿದ್ದೇನೆ. ಎರಡು ಕಡೆ ಅವಸರ ಮಾಡಿದ್ದು ಗೊತ್ತಾಗುತ್ತದೆ.

1990ರಲ್ಲಿ ಬೀಟ್ಸ್ ಇಂಟರ್‌ನ್ಯಾಷನಲ್ ಎಂಬ ಬ್ರಿಟಿಷ್ ಸಂಗೀತ ತಂಡ ಇದೇ ಬೇಸನ್ನು ತಮ್ಮ ಹಾಡಿಗೆ ಬಳಸಿಕೊಂಡಿತು. ಅದು ಬ್ರಿಟನ್ನಿನ ಜನಪ್ರಿಯ ಹಾಡುಗಳ ಪಟ್ಟಿಯಲ್ಲಿ ಒಂದನೇ ಸ್ಥಾನಕ್ಕೆ ಹೋಯಿತು. ಅಷ್ಟರಲ್ಲಿ ಕ್ಲ್ಯಾಶ್ ಬ್ಯಾಂಡೇ ಇರಲಿಲ್ಲ. 1982ರಲ್ಲಿ ಡ್ರಮ್ಮರ್ ಟಾಪರ್ ಹೆಡನ್‌ನನ್ನು, ಮರುವರ್ಷ ಜೋನ್ಸ್‌ನನ್ನು ಹೊರಗೆ ಹಾಕಿದ್ದರು. 1986ಕ್ಕೆ ಎಲ್ಲ ಮುಗಿದಿತ್ತು. ಗಾಯಕ ಜೋ ಸ್ಟ್ರಮ್ಮರ್ 2002ರಲ್ಲಿ ತೀರಿಕೊಂಡ. ಆದರೆ 2007ರಲ್ಲಿ, ಶ್ರೀಲಂಕಾ ತಮಿಳು ಕುಟುಂಬದ ಲಂಡನ್ ಗಾಯಕಿ ಎಂಐಎ ತನ್ನ 'ಪೇಪರ್ ಪ್ಲೇನ್ಸ್' ಹಾಡನ್ನು ಕಟ್ಟಿದ್ದು ಕ್ಲ್ಯಾಶ್‌ನ 'ಸ್ಟ್ರೇಟ್ ಟು ಹೆಲ್' ಮೇಲೆ. ಆ 'ಸ್ಟ್ರೇಟ್ ಟು ಹೆಲ್' ವಲಸಿಗರ ನೋವಿನ ಹಾಡು.

ಮುಂದಿನ ಗುರಿ ಅದೇ. ಚೀಟಿಗಳಲ್ಲಿ ಅರ್ಧ ಇವತ್ತು ಕಿತ್ತೆ.