ರೂಲೆಟ್ ಮೇಜಿನ ಹಿಂದಿನ ಮಾರ್ಸೆಲ್ ದಾಲಿಯೋ

'ಕಾಸಾಬ್ಲಾಂಕಾ' (1942) ನೋಡಿದವರಿಗೆ ರೂಲೆಟ್ ಎಂಬ ಜೂಜಾಟದ ದೃಶ್ಯ ನೆನಪಿರಬೇಕು. ಬಲ್ಗೇರಿಯಾದ ಬಡ ಹುಡುಗನಿಗೆ ಆ ಜಾಗದ ಮಾಲೀಕ ರಿಕ್ 22ರ ಮೇಲೆ ಹಣ ಕಟ್ಟಲು ಹೇಳುತ್ತಾನೆ. ಆಟ ನಡೆಸುವ ಎಮಿಲ್ ಕಡೆ ಒಮ್ಮೆ ನೋಡುತ್ತಾನೆ, ಅಷ್ಟೇ. 22 ಬೀಳುತ್ತದೆ. ಮತ್ತೊಮ್ಮೆ ಕಟ್ಟಿದರೂ 22! ಆಮೇಲೆ ರಿಕ್ ವ್ಯಾಪಾರ ಹೇಗಿದೆ ಅಂತ ವಿಚಾರಿಸಿದರೆ, ಅಂದುಕೊಂಡಿದ್ದಕ್ಕಿಂತ ಒಂದೆರಡು ಸಾವಿರ ಕಮ್ಮಿ ಅಂತಾನೆ ಆ ಎಮಿಲ್. ಆ ಪಾತ್ರ ಮಾಡಿದ್ದು ಫ್ರೆಂಚ್ ನಟ ಮಾರ್ಸೆಲ್ ದಾಲಿಯೋ. ತೆರೆಯ ಮೇಲೆ ಅವನ ಹೆಸರೂ ಹಾಕಿರಲಿಲ್ಲ.

ಅದಕ್ಕೆ ಮೂರೇ ವರ್ಷ ಹಿಂದೆ ಫ್ರಾನ್ಸಿನಲ್ಲಿ ಅವನು ನಿರ್ದೇಶಕ ಜಾನ್ ರೆನ್ವಾರ್‌ನ 'ದಿ ರೂಲ್ಸ್ ಆಫ್ ದಿ ಗೇಮ್' ಚಿತ್ರದ ಮಾರ್ಕ್ವಿಸ್, ಅಂದರೆ ದೊಡ್ಡ ಮನೆತನದ ಶ್ರೀಮಂತ. ಅದರಲ್ಲಿ ಒಂದು ಶಾಟ್ ಇದೆ, ನಾನು ಎಷ್ಟು ಸಲ ನೋಡಿದರೂ ಸಾಲದು. ತಾನೇ ನುಡಿಯುವ ದೊಡ್ಡ ವಾದ್ಯಯಂತ್ರವನ್ನು ಅವನು ಅತಿಥಿಗಳಿಗೆ ತೋರಿಸುತ್ತಾನೆ. ಕ್ಯಾಮೆರಾ ಆ ಯಂತ್ರದ ಗೊಂಬೆಗಳನ್ನು ದಾಟಿ ಅವನ ಮುಖಕ್ಕೆ ಬರುತ್ತದೆ. ಒಂದು ಮಾತಿಲ್ಲ. ಹೆಮ್ಮೆ ಉಕ್ಕುತ್ತಿದೆ, ಅದರ ಜೊತೆಗೇ ನಾಚಿಕೆ. ಇಷ್ಟವಾದದ್ದನ್ನು ನಾಲ್ಕು ಜನರ ಮುಂದೆ ಇಟ್ಟವರಿಗೆಲ್ಲ ಗೊತ್ತಿರುವ ಸಂಕೋಚ ಅದು, ಅಲ್ವಾ? ಇಡೀ ಚಿತ್ರದ ಜೀವ ನನಗೆ ಅಲ್ಲೇ ಸಿಕ್ಕಿತು.

ಯಹೂದಿಯೊಬ್ಬನಿಗೆ ಮಾರ್ಕ್ವಿಸ್ ಪಾತ್ರ ಕೊಟ್ಟಿದ್ದಕ್ಕೇ ಆಗ ಕೆಲವರು ಸಿಟ್ಟಾಗಿದ್ದರು. 1940ರ ಜೂನ್‌ನಲ್ಲಿ ಜರ್ಮನ್ ಸೇನೆ ಬರುವ ಮೊದಲೇ ಅವನು ಹೆಂಡತಿ ಮದ್ಲೆನ್ ಲೆಬೋ ಜೊತೆ ಪ್ಯಾರಿಸ್ ಬಿಟ್ಟ. ಲಿಸ್ಬನ್, ಮೆಕ್ಸಿಕೋ, ಕೆನಡಾ, ಕೊನೆಗೆ ಹಾಲಿವುಡ್. ಇತ್ತ ನಾಜಿಗಳು ಅವನ ಮುಖವನ್ನೇ ಪೋಸ್ಟರ್ ಮಾಡಿ, ಯಹೂದಿ ಹೀಗಿರುತ್ತಾನೆ ಅಂತ ಗೋಡೆಗೆ ಅಂಟಿಸಿದರು. ಅವನ ತಂದೆ ತಾಯಿ ನಾಜಿಗಳ ಸೆರೆ ಶಿಬಿರಗಳಲ್ಲಿ ತೀರಿಹೋದರು.

'ಕಾಸಾಬ್ಲಾಂಕಾ'ದಲ್ಲಿ ಲೆಬೋ ಕೂಡ ಇದ್ದಾಳೆ. ಫ್ರಾನ್ಸಿನ ರಾಷ್ಟ್ರಗೀತೆ 'ಮಾರ್ಸೆಯೇಸ್' ಹಾಡುವಾಗ ಕಣ್ಣೀರು ಹಾಕುವ ಇವೊನ್ ಅವಳೇ. ಅಷ್ಟರಲ್ಲಿ ಅವರ ಮದುವೆ ಮುರಿಯುತ್ತಾ ಬಂದಿತ್ತು.

ಅಲ್ಲಿಂದ ಮುಂದೆ ಹಾಲಿವುಡ್‌ಗೆ ಫ್ರೆಂಚ್ ಮನುಷ್ಯ ಬೇಕಾದಾಗಲೆಲ್ಲ ದಾಲಿಯೋ. ಹೋಟೆಲ್ ನಡೆಸುವವನು, ಬ್ಯಾರನ್, ಹೀಗೆ. 'ಸಬ್ರಿನಾ'ದಲ್ಲೂ (1954) ಇದ್ದಾನೆ. ಇಂಥ ನಟನಿಗೆ ಇನ್ನೂ ಜಾಸ್ತಿ ಸಿಗಬೇಕಿತ್ತು ಅಂತ ನನಗೆ ಈಗಲೂ ಹೊಟ್ಟೆ ಉರಿಯುತ್ತದೆ. ಆದರೆ ಅವನು ಯಾವುದನ್ನೂ ಸುಮ್ನೆ ಮಾಡಿ ಮುಗಿಸಿದವನಲ್ಲ.

1973ರಲ್ಲಿ ಫ್ರಾನ್ಸಿನ ಜನ ಮುಗಿಬಿದ್ದು ನೋಡಿದ ಹಾಸ್ಯಚಿತ್ರ 'ರಬ್ಬಿ ಜಾಕೋಬ್'. ಅದರ ನಿಜವಾದ ರಬ್ಬಿ, ಹೆಸರಿನಲ್ಲಿರುವ ಆ ಯಹೂದಿ ಗುರು, ನಮ್ಮ ದಾಲಿಯೋನೇ. ಆ ಚಿತ್ರ ಸಿಕ್ಕರೆ ದಯವಿಟ್ಟು ನೋಡಿ.