ಡಿಕ್ರಿ ಬಂತು, ಹೊಲ ಬರಲಿಲ್ಲ

ನಮ್ಮ ಅಜ್ಜ ಸ್ವಂತ ದುಡಿದು ಕೊಂಡದ್ದು ಗದಗದ ಹತ್ತಿರ ಒಂಬತ್ತು ಎಕರೆ ಎರಿ ಹೊಲ, ಬೆಟಗೇರಿಯಲ್ಲಿ ಒಂದು ಹಳೇ ಮನೆ. ಮೃತ್ಯುಪತ್ರ ಬರೆದಿರಲಿಲ್ಲ. ವಾರಸುದಾರರು ಅಪ್ಪ, ಕಾಕಾ, ಅತ್ತಿ ಮೂವರೇ. ಕೂತು ಮಾತಾಡಿ ಬಗೆಹರಿಯಲಿಲ್ಲ, ಅತ್ತಿ ಕೋರ್ಟಿನಲ್ಲಿ ವಾಟ್ನಿ (ಆಸ್ತಿ ಪಾಲು) ದಾವೆ ಹಾಕಿದಳು. ಮೂವರಿಗೂ ಸಮಪಾಲು ಅಂತ ಡಿಕ್ರಿ ಆದ ದಿನ ಪೇಢೆ ಹಂಚಿದಳು. ಆರು ವರ್ಷ ಬಿಟ್ಟು ಹೊಲದ ಉತಾರ (ಪಹಣಿ) ತೆಗೆಸಿದರೆ ಇನ್ನೂ ಅಜ್ಜನ ಹೆಸರೇ ಇತ್ತು!

ಅವತ್ತು ಬಂದದ್ದು ಪ್ರಾಥಮಿಕ ಡಿಕ್ರಿ. ಯಾರಿಗೆ ಎಷ್ಟು ಪಾಲು ಅನ್ನೋದಷ್ಟೇ ಅದರಲ್ಲಿರುತ್ತದೆ. ಯಾವ ತುಂಡು ಯಾರಿಗೆ ಅನ್ನೋದು ಆಮೇಲಿನ ಕೆಲಸ, ಅದು ಅಂತಿಮ ಡಿಕ್ರಿಯಲ್ಲಿ ಬರುತ್ತದೆ. ನಮ್ಮ ಕಡೆ ಎಷ್ಟೋ ಮನೆಯವರು ಇಲ್ಲೇ ನಿಂತುಬಿಡುತ್ತಾರೆ, ಕಾಗದ ಟ್ರಂಕಿನಲ್ಲಿಟ್ಟು ಗೆದ್ದೆವು ಅಂದುಕೊಳ್ಳುತ್ತಾರೆ, ನನಗೆ ನಿಜಕ್ಕೂ ಸಂಕಟ ಆಗುವುದು ಅದಕ್ಕೇ. ಪ್ರಾಥಮಿಕ ಡಿಕ್ರಿ ಆದ ಮೇಲೆ ಪಾರ್ಟಿಗಳು ಬೇರೆ ಅರ್ಜಿ ಹಾಕಲಿ ಅಂತ ಕಾಯದೆ ಕೋರ್ಟೇ ಕೇಸನ್ನು ಅಂತಿಮ ಡಿಕ್ರಿಗೆ ತೆಗೆದುಕೊಳ್ಳಬೇಕು ಅಂತ ಸುಪ್ರೀಂ ಕೋರ್ಟ್ 2022ರಲ್ಲಿ ಹೇಳಿದೆ. ನಮ್ಮದು ಅದಕ್ಕೂ ಹಳೇ ಕೇಸು. ಆದರೂ ಹೊತ್ತು ಮೀರಿರಲಿಲ್ಲ, ಯಾಕಂದ್ರೆ ಅಂತಿಮ ಡಿಕ್ರಿ ಕೇಳಲು ಕಾಲಮಿತಿ ಇಲ್ಲ.

ಕಂದಾಯ ಕಟ್ಟುವ ಹೊಲವನ್ನು ಕೋರ್ಟ್ ತಾನೇ ಅಳೆದು ಹಂಚುವುದಿಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ 54ನೇ ಕಲಂ ಪ್ರಕಾರ ಅದು ಡಿಸಿ ಕಡೆಗೆ ಹೋಗುತ್ತದೆ, ಅಲ್ಲಿಂದ ಕೆಳಗಿನ ಅಧಿಕಾರಿಗೆ, ಸರ್ವೇಯರಿಗೆ. ಒಂಬತ್ತು ಎಕರೆ, ಮೂರು ಮೂರು ಅಂದ್ರೆ ಮುಗೀತು ಅಂತ ನಾನೂ ಅಂದುಕೊಂಡಿದ್ದೆ. ರಸ್ತೆ ಕಡೆ ಜಾಸ್ತಿ ಬೆಲೆ, ಹಳ್ಳದ ಕಡೆ ನೀರು ನಿಲ್ಲುತ್ತದೆ, ಬಾವಿ ಒಂದೇ. ಬೆಲೆಯೂ ಸರಿತೂಗಬೇಕಲ್ವಾ? ಕೊನೆಗೆ ಮೂರೂ ಪಟ್ಟಿಗೆ ರಸ್ತೆ ಸಿಗುವ ಹಾಗೆ ಉದ್ದುದ್ದ ಸೀಳಿದರು, ಬಾವಿ ಮೂವರಿಗೂ ಸೇರಿ ಉಳೀತು.

ಮನೆ ಅಳೆಯಲು ಬಂದವರು ಕೋರ್ಟ್ ನೇಮಿಸಿದ ಕಮಿಷನರ್. ಒಂದು ತುದಿ ನನ್ನ ಕೈಗೆ ಕೊಟ್ಟು ಟೇಪು ಎಳೆದರು. ಬೀದಿಗೆ ಹದಿನೆಂಟು ಅಡಿ. ಪಡಸಾಲೆಯ ನೆಲದ ಮೇಲೆ ಸೀಮೆಸುಣ್ಣದಿಂದ ಗೀಟು ಎಳೆದಾಗ ಒಂದು ಗೀಟು ನೇರ ದೇವರ ಕೋಣೆಯ ಹೊಸ್ತಿಲ ಮೇಲೆ ಹೋಯಿತು. ಅಪ್ಪ ಎದ್ದು ಹೊರಗೆ ಹೋದ. ಆರಾರು ಅಡಿಯಲ್ಲಿ ಯಾರು ಬದುಕುತ್ತಾರೆ?

ಇಂಥದ್ದಕ್ಕೇ 1893ರ ವಿಭಜನೆ ಕಾಯ್ದೆ ಇದೆ. ಆಸ್ತಿ ಸರಿಯಾಗಿ ಒಡೆಯಲು ಬರೋದಿಲ್ಲ ಅಂತಾದರೆ, ಅರ್ಧ ಅಥವಾ ಅದಕ್ಕಿಂತ ಜಾಸ್ತಿ ಪಾಲು ಇರುವವರು ಮಾರಿ ದುಡ್ಡು ಹಂಚಿ ಅಂತ ಕೇಳಬಹುದು. ಕಾಕಾ, ಅತ್ತಿ ಸೇರಿ ಕೇಳಿದರು. ಆಗ ಉಳಿದ ಪಾಲುದಾರ ಅವರ ಪಾಲು ನಾನೇ ಕೊಳ್ಳುತ್ತೇನೆ ಅನ್ನಬಹುದು, ಬೆಲೆ ಕೋರ್ಟ್ ಕಟ್ಟಿಸುತ್ತದೆ. ಇದು ಗೊತ್ತಿಲ್ಲದೆ ಎಷ್ಟು ಜನ ಹುಟ್ಟಿದ ಮನೆ ಕಳೆದುಕೊಂಡಿರಬೇಕೋ. ಅಪ್ಪ ಸಾಲ ಮಾಡಿ ಉಳಿಸಿಕೊಂಡ.

ನಿಮ್ಮ ಮನೆಯ ಟ್ರಂಕಿನಲ್ಲೂ ಇಂಥ ಕಾಗದ ಇದ್ದರೆ ಈ ವಾರವೇ ತೆಗೆಯಿರಿ, ಎಫ್‌ಡಿಪಿ (ಅಂತಿಮ ಡಿಕ್ರಿಯ ಅರ್ಜಿ) ಹಾಕಿದ್ದಾರಾ ಅಂತ ವಕೀಲರನ್ನು ಕೇಳಿ. ಅಂತಿಮ ಡಿಕ್ರಿ ಸ್ಟ್ಯಾಂಪ್ ಪೇಪರಿನ ಮೇಲೆ ಬರಬೇಕು, ಅದರ ಖರ್ಚೂ ತೆಗೆದಿಡಿ.

ಹೊಸ ಉತಾರ ಬಂದ ದಿನ ಅತ್ತಿ ಪೇಢೆ ತರಲಿಲ್ಲ. ತನ್ನ ಹೆಸರು ಸರಿಯಾಗಿ ಬರೆದಿದ್ದಾರಾ ಅಂತ ನನ್ನಿಂದ ಎರಡು ಸಲ ಓದಿಸಿದಳು.